ನೂರಕ್ಕೆ 71 ಪೈಸೆ ಬಡ್ಡಿಯ ಮನೆಸಾಲ 62 ಲಕ್ಷ ಆಗುವುದು ಹೇಗೆ?

ಹಾಸನದ ಬಿ.ಎಂ. ರಸ್ತೆಯಲ್ಲಿ ಯಾವುದಾದರೂ ಬ್ಯಾಂಕಿಗೆ ಹೋಗಿ ಸಾಲದ ಮೇಜಿನ ಎದುರು ಅರ್ಧ ಗಂಟೆ ಕೂತುಕೊಳ್ಳಿ. ಕಿವಿಗೆ ಬೀಳುವುದು ಒಂದೇ ಪ್ರಶ್ನೆ: ‘ತಿಂಗಳಿಗೆ ಎಷ್ಟು ಬೀಳುತ್ತೆ ಸಾರ್?’ ಹೇಳಿದ ಮೊತ್ತ ಸಂಬಳಕ್ಕೋ ಅಂಗಡಿ ವ್ಯಾಪಾರಕ್ಕೋ ಹೊಂದಿಕೊಂಡರೆ ಮುಖ ಸಡಿಲವಾಗುತ್ತದೆ, ಸಹಿ ಬೀಳುತ್ತದೆ. ‘ಮುಗಿಯುವಷ್ಟರಲ್ಲಿ ಒಟ್ಟು ಎಷ್ಟು ಕಟ್ಟಿರುತ್ತೇನೆ?’ ಎಂದು ಕೇಳಿದವರನ್ನು ನಾನು ಕಂಡದ್ದು ಬಹಳ ಕಡಿಮೆ.

2025ರಲ್ಲಿ ಈ ವಿಷಯ ಸುಮ್ಮನಿದ್ದವರನ್ನೂ ಕೆಣಕಿತು. ಫೆಬ್ರವರಿಯಿಂದ ಜೂನ್‌ ನಡುವೆ ರಿಸರ್ವ್ ಬ್ಯಾಂಕ್ ತಾನು ಬ್ಯಾಂಕುಗಳಿಗೆ ಹಣ ಕೊಡುವ ದರವನ್ನು, ಅಂದರೆ ರೆಪೊ ದರವನ್ನು, ಮೂರು ಸಲ ಇಳಿಸಿತು, ಶೇ 6.5 ಇದ್ದದ್ದು ಶೇ 5.5ಕ್ಕೆ ಬಂತು. ಪೇಪರು ಓದಿದವರು ಮುಂದಿನ ತಿಂಗಳು ಕಂತು ಇಳಿಯುತ್ತದೆಂದು ಕಾದರು. ಎಷ್ಟೋ ಜನರ ಖಾತೆಯಿಂದ ಮೊದಲಿನಷ್ಟೇ ದುಡ್ಡು ಹೋಯಿತು. ‘ಪೇಪರಿನಲ್ಲಿ ಇಳಿದಿದೆ, ನನ್ನದ್ಯಾಕೆ ಇಳಿದಿಲ್ಲ?’ ಎನ್ನುವುದಕ್ಕೆ ಉತ್ತರ ಇದೆ. ಆದರೆ ಅದು ತಿಳಿಯಬೇಕಾದರೆ ಮೊದಲು ಸಾಲ ಕರಗುವ ರೀತಿ ಗೊತ್ತಿರಬೇಕು.

ಲೇಖನದ ಉದ್ದಕ್ಕೂ ಒಂದೇ ಉದಾಹರಣೆ ಇಟ್ಟುಕೊಳ್ಳೋಣ: ಸಾಲ 30 ಲಕ್ಷ ರೂಪಾಯಿ, ಬಡ್ಡಿ ವರ್ಷಕ್ಕೆ ಶೇ 8.5, ಅವಧಿ 20 ವರ್ಷ. ತಿಂಗಳ ಕಂತು, ಅಂದರೆ ಇಎಂಐ, 26,035 ರೂ. ಬರುತ್ತದೆ. ನಿಮ್ಮ ಸಾಲ 15 ಲಕ್ಷವಾದರೆ ಮುಂದಿನ ಮೊತ್ತಗಳನ್ನು ಅರ್ಧ ಮಾಡಿಕೊಳ್ಳಿ, 60 ಲಕ್ಷವಾದರೆ ಎರಡರಿಂದ ಗುಣಿಸಿ. ದರ ಮತ್ತು ಅವಧಿ ಇದೇ ಇದ್ದರೆ ಲೆಕ್ಕದ ಚಹರೆ ಬದಲಾಗುವುದಿಲ್ಲ.

ನೂರಕ್ಕೆ ಎಷ್ಟು?

ನಮ್ಮ ಕಡೆ ಬಡ್ಡಿಯನ್ನು ವರ್ಷಕ್ಕೆ ಶೇಕಡ ಇಷ್ಟು ಎಂದು ಯಾರೂ ಹೇಳುವುದಿಲ್ಲ. ‘ನೂರಕ್ಕೆ ಎರಡು ರೂಪಾಯಿ’, ‘ನೂರಕ್ಕೆ ಮೂರು’ ಎನ್ನುತ್ತಾರೆ. ಅದು ತಿಂಗಳಿಗೆ. ನೂರಕ್ಕೆ ಎರಡು ಎಂದರೆ ವರ್ಷಕ್ಕೆ ಶೇ 24. ಇದೇ ಅಳತೆಯಲ್ಲಿ ಶೇ 8.5ರ ಮನೆಸಾಲ ನೂರಕ್ಕೆ ಸುಮಾರು 71 ಪೈಸೆ. ಕೈಸಾಲದ ಬಡ್ಡಿ ಕಂಡವರಿಗೆ ಇದು ಬಡ್ಡಿಯೆಂದೇ ಅನ್ನಿಸುವುದಿಲ್ಲ.

ದರದ ಮಟ್ಟಿಗೆ ಅದು ಸರಿ. ಸಾಮಾನ್ಯ ಮನುಷ್ಯನಿಗೆ ಸಿಗುವ ದೊಡ್ಡ ಸಾಲಗಳಲ್ಲಿ ಮನೆಸಾಲವೇ ಅಗ್ಗ, ಮನೆಯನ್ನೇ ಅಡಮಾನ ಇಟ್ಟಿರುತ್ತೇವಲ್ಲ. ಆದರೆ ಕೈಸಾಲ ಆರು ತಿಂಗಳಲ್ಲೋ ಮುಂದಿನ ಕೊಯ್ಲಿಗೋ ತೀರುತ್ತದೆ. ಮನೆಸಾಲದ 71 ಪೈಸೆ 240 ತಿಂಗಳು ಓಡುತ್ತದೆ. 26,035 ರೂಪಾಯಿಯನ್ನು 240ರಿಂದ ಗುಣಿಸಿ ನೋಡಿ, ಸುಮಾರು 62 ಲಕ್ಷ 48 ಸಾವಿರ. ಪಡೆದದ್ದು 30 ಲಕ್ಷ, ಬಡ್ಡಿಯೇ 32 ಲಕ್ಷ 48 ಸಾವಿರ. ಅಸಲಿಗಿಂತ ಬಡ್ಡಿ ದೊಡ್ಡದು.

ಇಲ್ಲಿ ಒಂದು ಎಚ್ಚರಿಕೆ. ಮೇಲಿನದು ಇಳಿಯುವ ಬಾಕಿಯ ಮೇಲಿನ ಬಡ್ಡಿ, ಅಂದರೆ ತೀರಿಸಿದ ಅಸಲಿಗೆ ಮತ್ತೆ ಬಡ್ಡಿ ಹಾಕುವುದಿಲ್ಲ. ಕೆಲವು ಕಡೆ ‘ಫ್ಲಾಟ್ ರೇಟ್’ ಎನ್ನುತ್ತಾರೆ. ಅಲ್ಲಿ ಕೊನೆಯ ತಿಂಗಳವರೆಗೂ ಪೂರ್ತಿ 30 ಲಕ್ಷಕ್ಕೇ ಬಡ್ಡಿ. ಶೇ 7 ಫ್ಲಾಟ್ ಎಂದರೆ ಶೇ 8.5ಕ್ಕಿಂತ ಅಗ್ಗ ಎಂದು ಕಾಣುತ್ತದೆ. ಲೆಕ್ಕ ಹಾಕಿದರೆ 20 ವರ್ಷಕ್ಕೆ 42 ಲಕ್ಷ ಬಡ್ಡಿ, ತಿಂಗಳಿಗೆ 30,000 ರೂ. ಕಂತು. ಇಳಿಯುವ ಬಾಕಿಯ ಲೆಕ್ಕದಲ್ಲಿ ಇದು ಸುಮಾರು ಶೇ 10.5ಕ್ಕೆ ಸಮ. ಹಾಗಾಗಿ ದರ ಕೇಳುವಾಗ ಅದು ಯಾವ ಲೆಕ್ಕದ ದರ ಎಂದೂ ಕೇಳಬೇಕು.

ಗೊರೂರಿನ ಒಳಹರಿವು, ಹೊರಹರಿವು

ಮಳೆಗಾಲದಲ್ಲಿ ಹಾಸನದವರು ಪೇಪರಿನಲ್ಲಿ ಮೊದಲು ಹುಡುಕುವುದು ಗೊರೂರಿನ ಹೇಮಾವತಿ ಜಲಾಶಯದ ಮಟ್ಟವನ್ನು. ಒಳಹರಿವು ಇಷ್ಟು, ಹೊರಹರಿವು ಇಷ್ಟು. ಮನೆಸಾಲಕ್ಕೆ ಇದಕ್ಕಿಂತ ಒಳ್ಳೆಯ ಹೋಲಿಕೆ ನನಗೆ ಸಿಕ್ಕಿಲ್ಲ.

ನಿಂತಿರುವ ನೀರು ನಿಮ್ಮ ಬಾಕಿ. ಪ್ರತಿ ತಿಂಗಳು ಬಡ್ಡಿಯಾಗಿ ಒಳಗೆ ಬರುವುದು ಒಳಹರಿವು, ನೀವು ಕಟ್ಟುವ ಕಂತು ಹೊರಹರಿವು. ಮೊದಲ ತಿಂಗಳು 30 ಲಕ್ಷದ ಮೇಲೆ ಬಡ್ಡಿ 21,250 ರೂ. ಒಳಗೆ ಬಂತು. ನೀವು 26,035 ರೂ. ಹೊರಗೆ ಬಿಟ್ಟಿರಿ. ಮಟ್ಟ ಇಳಿದದ್ದು 4,785 ರೂಪಾಯಿಯಷ್ಟು ಮಾತ್ರ. ಎರಡನೇ ತಿಂಗಳು ಬಾಕಿ 29,95,215 ರೂ., ಬಡ್ಡಿ 21,216 ರೂ., ಅಸಲಿಗೆ 4,819 ರೂ. ಅಂದರೆ ಒಂದು ತಿಂಗಳಲ್ಲಿ ಆದ ಪ್ರಗತಿ 34 ರೂಪಾಯಿ.

ಜಲಾಶಯಕ್ಕೂ ಸಾಲಕ್ಕೂ ಒಂದು ವ್ಯತ್ಯಾಸವಿದೆ. ಗೊರೂರಿಗೆ ಬರುವ ನೀರು ಮಲೆನಾಡಿನ ಮಳೆಯನ್ನು ನಂಬಿಕೊಂಡಿದೆ, ಒಳಗೆ ಎಷ್ಟು ನಿಂತಿದೆ ಎಂಬುದಕ್ಕೆ ಅದು ಲೆಕ್ಕವಿಡುವುದಿಲ್ಲ. ಸಾಲದಲ್ಲಿ ನಿಂತ ನೀರೇ ಒಳಹರಿವನ್ನು ಹುಟ್ಟಿಸುತ್ತದೆ. ಬಾಕಿ ಹೆಚ್ಚಿದ್ದರೆ ಬಡ್ಡಿ ಹೆಚ್ಚು, ಬಾಕಿ ಇಳಿದಂತೆ ಬಡ್ಡಿಯೂ ಇಳಿಯುತ್ತದೆ. ಕಂತು ಮಾತ್ರ ಅಷ್ಟೇ ಇರುವುದರಿಂದ ಕೊನೆಕೊನೆಗೆ ಮಟ್ಟ ಸರಸರ ಕುಸಿಯುತ್ತದೆ. ಕಟ್ಟಕಡೆಯ ಕಂತಿನಲ್ಲಿ ಬಡ್ಡಿಯ ಪಾಲು ಬರೀ 183 ರೂ.

ಬ್ಯಾಂಕು ಮೊದಲು ತನ್ನ ಬಡ್ಡಿ ಹಿಡಿದುಕೊಂಡು ಆಮೇಲೆ ಅಸಲು ಮುಟ್ಟುತ್ತದೆ ಎಂದು ಜನ ಬೈಯುವುದುಂಟು. ಅದರಲ್ಲಿ ಮೋಸವೇನಿಲ್ಲ. ಶುರುವಿನಲ್ಲಿ ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಬಡ್ಡಿಗೆ ಹೋಗಿ ಮಿಕ್ಕಿದ್ದು ತಾನೇ ಅಸಲಿಗೆ ಸಿಗುವುದು.

ಅರ್ಧ ದಾರಿ ನಡೆದರೆ ಅರ್ಧ ಸಾಲ ತೀರಿರುವುದಿಲ್ಲ

ಐದು ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದಿರಿ ಎಂದುಕೊಳ್ಳಿ. ಕೈಬಿಟ್ಟ ದುಡ್ಡು 15 ಲಕ್ಷ 62 ಸಾವಿರ. ಬಾಕಿ ಎಷ್ಟು ಎಂದು ಕೇಳಿದರೆ ಸುಮಾರು 26 ಲಕ್ಷ 44 ಸಾವಿರ ಎನ್ನುತ್ತಾರೆ. ಅಸಲು ಕರಗಿದ್ದು ಮೂರೂವರೆ ಲಕ್ಷದ ಆಸುಪಾಸು, ಉಳಿದ 12 ಲಕ್ಷ ಬಡ್ಡಿಗೆ ಹೋಯಿತು. ಮಗಳ ಮದುವೆಗೋ ವರ್ಗಾವಣೆಗೋ ಮನೆ ಮಾರಲು ಹೊರಟವರು ಈ ಅಂಕಿ ಕಂಡು ಬ್ಯಾಂಕಿನವರೇ ಏನೋ ತಪ್ಪು ಮಾಡಿದ್ದಾರೆ ಎಂದು ಜಗಳಕ್ಕೆ ನಿಲ್ಲುತ್ತಾರೆ.

ಹತ್ತು ವರ್ಷ ಮುಗಿದಾಗ ಬಾಕಿ 21 ಲಕ್ಷ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗುವುದು 143ನೇ ತಿಂಗಳಲ್ಲಿ, ಅಂದರೆ ಹನ್ನೊಂದು ವರ್ಷ ಹತ್ತು ತಿಂಗಳಾದ ಮೇಲೆ. ಬಾಕಿ ಅರ್ಧಕ್ಕೆ, ಅಂದರೆ 15 ಲಕ್ಷಕ್ಕೆ, ಇಳಿಯಲು ಹತ್ತಿರ ಹತ್ತಿರ 14 ವರ್ಷ ಬೇಕು.

ತಿಂಗಳು ತಿಂಗಳಿನ ಇಂಥ ಲೆಕ್ಕದ ಪಟ್ಟಿ ಮೊದಲ ದಿನವೇ ನಿಮ್ಮ ಕೈಗೆ ಬರಬೇಕು. 2024ರ ಅಕ್ಟೋಬರ್ 1ರ ನಂತರದ ಸಾಲಗಳಿಗೆ ರಿಸರ್ವ್ ಬ್ಯಾಂಕಿನ ನಿಯಮದ ಪ್ರಕಾರ ಸಹಿಗೆ ಮುಂಚೆ ‘ಪ್ರಮುಖ ಮಾಹಿತಿ ಪತ್ರ’ವೊಂದನ್ನು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕು. ಬಡ್ಡಿಯ ಜೊತೆಗೆ ಶುಲ್ಕಗಳನ್ನೂ ಸೇರಿಸಿ ತೆಗೆದ ವಾರ್ಷಿಕ ದರ ಅದರಲ್ಲಿರುತ್ತದೆ, ಯಾವ ತಿಂಗಳು ಎಷ್ಟು ಬಡ್ಡಿ ಎಷ್ಟು ಅಸಲು ಎಂಬ ಪಟ್ಟಿಯೂ ಇರುತ್ತದೆ. ಸಹಿ ಹಾಕುವ ನಲವತ್ತು ಹಾಳೆಗಳಲ್ಲಿ ಓದಲೇಬೇಕಾದವು ಈ ಒಂದೆರಡು.

ಮೂರು ಸಾವಿರ ಉಳಿಸಲು ಇಪ್ಪತ್ತು ಲಕ್ಷ

ಕಂತು ಭಾರವಾಯಿತೆಂದು ಮುಖ ಸಣ್ಣದಾದರೆ ಮೇಜಿನಾಚೆಯವರು ಕೊಡುವ ಪರಿಹಾರ ಒಂದೇ: ‘ಅವಧಿ ಜಾಸ್ತಿ ಮಾಡೋಣ.’ 20 ವರ್ಷವನ್ನು 30 ಮಾಡಿದರೆ ಕಂತು 26,035ರಿಂದ 23,067 ರೂಪಾಯಿಗೆ ಇಳಿಯುತ್ತದೆ. ತಿಂಗಳಿಗೆ 2,968 ರೂ. ಉಳಿತಾಯ. ಒಟ್ಟು ಬಡ್ಡಿ 32.48 ಲಕ್ಷದಿಂದ 53.04 ಲಕ್ಷಕ್ಕೆ ಏರುತ್ತದೆ. ತಿಂಗಳಿಗೆ ಮೂರು ಸಾವಿರದ ನೆಮ್ಮದಿಗೆ ಕೊಡುವ ಬೆಲೆ 20 ಲಕ್ಷ ಚಿಲ್ಲರೆ.

ಇನ್ನೊಂದು ದಿಕ್ಕಿಗೆ ನೋಡಿ. 15 ವರ್ಷಕ್ಕೆ ಇಟ್ಟರೆ ಕಂತು 29,542 ರೂ., ಬಡ್ಡಿ 23.18 ಲಕ್ಷ. ತಿಂಗಳಿಗೆ 3,500 ರೂ. ಹೆಚ್ಚು ಕಟ್ಟಿದ್ದಕ್ಕೆ 9 ಲಕ್ಷ 30 ಸಾವಿರ ಕಡಿಮೆ.

ಕಂತು ಇಳಿಯುವುದು ಇಷ್ಟು ಕಡಿಮೆ ಏಕೆ? ಮತ್ತೆ ಜಲಾಶಯಕ್ಕೇ ಬನ್ನಿ. ಒಳಹರಿವು 21,250 ರೂ. ಎಂದಮೇಲೆ ಅದಕ್ಕಿಂತ ಕಡಿಮೆ ಹೊರಗೆ ಬಿಟ್ಟರೆ ಸಾಲ ಎಂದೂ ತೀರದು. ನೂರು ವರ್ಷದ ಸಾಲವಾದರೂ ಕಂತು ಆ ಗೆರೆಯ ಕೆಳಗೆ ಹೋಗಲಾರದು. ಅವಧಿ ಹಿಗ್ಗಿಸಿದಾಗ ತೆಳ್ಳಗಾಗುವುದು ಗೆರೆಯ ಮೇಲಿನ ಅಸಲಿನ ಪಾಲೊಂದೇ. ಸಾಲ ಕರಗಿಸುವುದೂ ಅದೊಂದೇ.

ಹಾಗೆಂದು ಉದ್ದ ಅವಧಿ ತಪ್ಪು ಎಂದಲ್ಲ. ಆದಾಯ ಗಟ್ಟಿಯಿಲ್ಲದ ಮನೆಗೆ ಸಣ್ಣ ಕಂತೇ ಕ್ಷೇಮ, ಕೈ ಬಿಸಿಯಾದಾಗ ಹೆಚ್ಚು ಕಟ್ಟಿದರಾಯಿತು. ‘ಕೈ ಬಿಸಿಯಾದಾಗ’ ಎಂಬ ಆ ದಿನ ಬಂದೇ ಬರುತ್ತದೆ ಎಂದು ನಂಬಿಕೊಂಡವರು ಮಾತ್ರ ಒಮ್ಮೆ ತಮ್ಮ ಸ್ವಭಾವವನ್ನು ತಾವೇ ಕೇಳಿಕೊಳ್ಳಬೇಕು.

ರೆಪೊ ಇಳಿದರೂ ಕಂತು ಏಕೆ ಇಳಿಯಲಿಲ್ಲ?

ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಅಲ್ಪಾವಧಿಗೆ ಹಣ ಕೊಡುವ ದರಕ್ಕೆ ರೆಪೊ ಎಂದು ಹೆಸರು. 2019ರ ಅಕ್ಟೋಬರ್ 1ರಿಂದ ವಾಣಿಜ್ಯ ಬ್ಯಾಂಕುಗಳು ಕೊಡುವ ಹೊಸ ಬದಲಾಗುವ ದರದ ಮನೆಸಾಲಗಳು ರೆಪೊ ತರಹದ ಹೊರಗಿನ ಒಂದು ಅಳತೆಗೆ ಅಂಟಿಕೊಂಡಿರಬೇಕು. ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಸರಿಹೊಂದಿಸಬೇಕು. ನಿಮ್ಮ ಬಡ್ಡಿ ಎಂದರೆ ಆ ಅಳತೆ, ಅದರ ಮೇಲೆ ಬ್ಯಾಂಕಿನ ಪಾಲು. ಆ ಪಾಲನ್ನು ‘ಸ್ಪ್ರೆಡ್’ ಎನ್ನುತ್ತಾರೆ. ನಿಮ್ಮ ಸಿಬಿಲ್ ಅಂಕ (ಹಿಂದಿನ ಸಾಲಗಳನ್ನು ತೀರಿಸಿದ ರೀತಿ ನೋಡಿ ಕೊಡುವ ಅಂಕ), ಉದ್ಯೋಗ, ಸಾಲದ ಗಾತ್ರ ನೋಡಿ ಅದು ಗೊತ್ತಾಗುತ್ತದೆ. ಗೃಹ ಹಣಕಾಸು ಕಂಪನಿಗಳಿಗೆ, ಸಹಕಾರಿ ಬ್ಯಾಂಕುಗಳಿಗೆ ಈ ನಿಯಮ ಇಲ್ಲ. ಅವು ತಮ್ಮದೇ ದರದ ಮೇಲೆ ನಡೆಯುತ್ತವೆ, ಹಾಗಾಗಿ ಅಲ್ಲಿ ರೆಪೊ ಇಳಿದ ಸುದ್ದಿ ತಡವಾಗಿ ಮುಟ್ಟುವುದುಂಟು.

ದರ ಬದಲಾದಾಗ ಬ್ಯಾಂಕಿಗೆ ಎರಡು ದಾರಿ: ಕಂತು ಬದಲಿಸುವುದು ಅಥವಾ ಕಂತನ್ನು ಹಾಗೇ ಇಟ್ಟು ಅವಧಿ ಬದಲಿಸುವುದು. ಸಾಮಾನ್ಯವಾಗಿ ಹಿಡಿಯುವುದು ಎರಡನೆಯದನ್ನು. ಹಾಗಾಗಿ 2025ರಲ್ಲಿ ಕಂತು ಇಳಿಯದವರಿಗೆ ಲಾಭವೇ ಆಗಲಿಲ್ಲ ಎನ್ನುವಂತಿಲ್ಲ. ನಮ್ಮ ಉದಾಹರಣೆಯಲ್ಲಿ ಶುರುವಿನಲ್ಲೇ ದರ ಶೇ 7.5ಕ್ಕೆ ಇಳಿದು ಕಂತು 26,035 ರೂಪಾಯಿಯೇ ಉಳಿದರೆ 240 ತಿಂಗಳ ಸಾಲ 205 ತಿಂಗಳಿಗೆ ಮುಗಿಯುತ್ತದೆ. ಲಾಭ ಕೊನೆಯಲ್ಲಿ ಕೂತಿರುತ್ತದೆ, ಅದಕ್ಕೇ ಈಗ ಕಾಣುವುದಿಲ್ಲ.

ನಷ್ಟವೂ ಹೀಗೇ ಕೊನೆಯಲ್ಲಿ ಕೂರುತ್ತದೆ, ಭಯಪಡಬೇಕಾದ್ದು ಇದಕ್ಕೆ. ದರ ಶೇ 8.5ರಿಂದ 9.5ಕ್ಕೆ ಏರಿ ಕಂತು ಬದಲಾಗದಿದ್ದರೆ 240 ತಿಂಗಳು 309 ಆಗುತ್ತದೆ. ಶೇ 1 ಏರಿಕೆಗೆ ಐದೂ ಮುಕ್ಕಾಲು ವರ್ಷ ಹೆಚ್ಚುವರಿ ಸಾಲ. ತಿಂಗಳ ದುಡ್ಡು ಒಂದು ರೂಪಾಯಿಯೂ ಹೆಚ್ಚು ಹೋಗದ ಕಾರಣ ಮನೆಯಲ್ಲಿ ಯಾರಿಗೂ ಗೊತ್ತಾಗುವುದಿಲ್ಲ.

ಇದು ಬರೀ ಊಹೆಯಲ್ಲ. 2022ರ ಮೇ ತಿಂಗಳವರೆಗೆ ಶೇ 4ರಲ್ಲಿದ್ದ ರೆಪೊ 2023ರ ಫೆಬ್ರವರಿಗೆ ಶೇ 6.5 ಆಯಿತು. 2022ರ ಆರಂಭದಲ್ಲಿ ಶೇ 7ಕ್ಕೆ 30 ಲಕ್ಷ ಪಡೆದವರ ಕಂತು 23,259 ರೂ. ಒಂಬತ್ತು ತಿಂಗಳಲ್ಲಿ ದರ ಶೇ 9.5 ಮುಟ್ಟಿದರೆ 30 ಲಕ್ಷದ ಮೇಲಿನ ತಿಂಗಳ ಬಡ್ಡಿಯೇ 23,750 ರೂ. ಒಳಹರಿವು ಹೊರಹರಿವನ್ನು ಮೀರಿತು! ಅಷ್ಟರಲ್ಲಿ ಅಸಲು ಒಂಚೂರು ಕರಗಿದ್ದರೂ ಹೆಚ್ಚುಕಡಿಮೆ ಇಡೀ ಕಂತು ಬಡ್ಡಿಗೇ. ಅವಧಿ ಹಿಗ್ಗಿಸಿ ತೀರುವ ಸಾಲ ಅದಲ್ಲ, ಕಂತನ್ನೂ ಏರಿಸಲೇಬೇಕಾಯಿತು.

ಇದಾದ ಮೇಲೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಹಿಗ್ಗಿಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆ ಕೊಡಬೇಕು. ಅವಧಿ ಹಿಗ್ಗಿಸುವ ಭರದಲ್ಲಿ ಕಂತು ಬಡ್ಡಿಗೂ ಸಾಲದಂತೆ ಆಗಬಾರದು. ಆಯ್ಕೆ ಇದೆ ಎಂದು ಮೊಬೈಲಿಗೆ ಸಂದೇಶ ಬರುತ್ತದೆ. ಸಿಲಿಂಡರ್ ಬುಕ್ಕಿಂಗ್ ಸಂದೇಶದ ಜೊತೆ ಅದೂ ಅಳಿಸಿಹೋಗುತ್ತದೆ.

ಹಾಸನಾಂಬೆಯ ಗುಡಿ ಬಾಗಿಲು ತೆಗೆಯುವುದು ವರ್ಷಕ್ಕೊಮ್ಮೆ. ಹಿಂದಿನ ವರ್ಷ ಹಚ್ಚಿಟ್ಟ ದೀಪ ಬಾಗಿಲು ತೆಗೆದಾಗಲೂ ಉರಿಯುತ್ತಿರುತ್ತದೆ ಎಂಬುದು ನಮ್ಮೂರಿನ ನಂಬಿಕೆ. ಸಾಲದ ಬಡ್ಡಿಯ ಬಗ್ಗೆ ನಂಬಿಕೆಯ ಅಗತ್ಯವೇ ಇಲ್ಲ, ಬಾಗಿಲು ಮುಚ್ಚಿದ್ದರೂ ಅದು ಉರಿಯುತ್ತಲೇ ಇರುತ್ತದೆ. ತಾಯಿಯ ದರ್ಶನಕ್ಕೆ ಸರದಿಯಲ್ಲಿ ನಿಲ್ಲುವ ವಾರದಲ್ಲೇ ಸಾಲದ ಸ್ಟೇಟ್‌ಮೆಂಟನ್ನೂ ಒಮ್ಮೆ ತೆಗೆದು ‘ಉಳಿದ ತಿಂಗಳು’ ಎಂಬ ಜಾಗದಲ್ಲಿ ಏನಿದೆ ನೋಡಿದರೆ ಸಾಕು.

ಮಳೆಗಾಲದ ಬಡ್ಡಿ

ಬೆಂಗಳೂರಿನಲ್ಲಿ ಕಟ್ಟಿದ ಫ್ಲಾಟು ಕೊಳ್ಳುವವರು ಹೆಚ್ಚು, ನಮ್ಮಲ್ಲಿ ಸೈಟು ಮಾಡಿಕೊಂಡು ತಾವೇ ನಿಂತು ಕಟ್ಟಿಸುವವರು ಹೆಚ್ಚು. ಕಟ್ಟಿಸುವವರಿಗೆ ಬ್ಯಾಂಕು ಸಾಲವನ್ನು ಒಟ್ಟಿಗೆ ಕೊಡುವುದಿಲ್ಲ. ಪಾಯ, ಲಿಂಟಲ್, ಮೋಲ್ಡು, ಪ್ಲಾಸ್ಟರು ಹೀಗೆ ಹಂತ ನೋಡಿ ಬಿಡುಗಡೆ ಮಾಡುತ್ತದೆ. ಮನೆ ಮುಗಿಯುವವರೆಗೆ ಬಿಡುಗಡೆಯಾದಷ್ಟಕ್ಕೆ ಬರೀ ಬಡ್ಡಿ ಕಟ್ಟುವ ಪದ್ಧತಿ ಇದೆ, ಅದಕ್ಕೆ ಪ್ರೀ-ಇಎಂಐ ಎನ್ನುತ್ತಾರೆ. ಅಸಲಿನ ಒಂದು ರೂಪಾಯಿಯೂ ಅದರಲ್ಲಿ ತೀರದು. 240 ತಿಂಗಳ ಎಣಿಕೆ ಶುರುವಾಗುವುದು ಆಮೇಲೆ.

ಕಟ್ಟುವ ಒಂದು ವರ್ಷದಲ್ಲಿ ಸರಾಸರಿ 15 ಲಕ್ಷ ಬಿಡುಗಡೆಯಾಗಿತ್ತು ಎಂದರೆ ಆ ವರ್ಷದ ಬಡ್ಡಿ 1,27,500 ರೂ. ಇದು ಮೇಲೆ ಹೇಳಿದ 62 ಲಕ್ಷದಲ್ಲಿ ಸೇರಿಲ್ಲ. ಅದರ ಜೊತೆ ಅಲ್ಲಿಯವರೆಗೆ ಇರುವ ಮನೆಯ ಬಾಡಿಗೆಯೂ ಉಂಟು.

ಮೂಡಿಗೆರೆ, ಸಕಲೇಶಪುರ, ಕೊಪ್ಪದ ಕಡೆಯವರಿಗೆ ಇನ್ನೊಂದು ಲೆಕ್ಕ. ಜೂನ್‌ ಹೊತ್ತಿಗೆ ಮೋಲ್ಡು ಮುಗಿಸಲಾಗದೆ ಕೆಲಸ ನಿಂತರೆ ಮತ್ತೆ ಕೈ ಹಚ್ಚುವುದು ಮಳೆ ಬಿಟ್ಟ ಮೇಲೆ. 20 ಲಕ್ಷ ಬಿಡುಗಡೆಯಾದ ಸ್ಥಿತಿಯಲ್ಲಿ ನಾಲ್ಕು ತಿಂಗಳು ಕೂತರೆ 56 ಸಾವಿರಕ್ಕೂ ಮೇಲೆ ಬಡ್ಡಿ ಹೋಗುತ್ತದೆ, ಗೋಡೆಗೆ ಪಾಚಿ ಹತ್ತಿದ್ದಷ್ಟೇ ಲಾಭ. ಪಾಯ ತೆಗೆಯುವ ತಿಂಗಳನ್ನು ಜೋಯಿಸರ ಜೊತೆ ಮೇಸ್ತ್ರಿಯನ್ನೂ ಕೇಳಿ ಗೊತ್ತುಮಾಡಿಕೊಂಡರೆ ಒಳ್ಳೆಯದು.

ಬಡ್ಡಿಯ ಪಟ್ಟಿಯಲ್ಲಿ ಕಾಣದ ಖರ್ಚು

ಮೊದಲನೆಯದು ನೋಂದಣಿ. ಕರ್ನಾಟಕದಲ್ಲಿ ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ಸು, ಸರ್ಚಾರ್ಜು. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿತು. ಪಟ್ಟಣ ವ್ಯಾಪ್ತಿಯಲ್ಲಿ ಎಲ್ಲ ಸೇರಿ ಸುಮಾರು ಶೇ 7.6. ಸೈಟಿನ ಬೆಲೆ 25 ಲಕ್ಷವಾದರೆ 1,90,000 ರೂ. ಮನೆಸಾಲದ ಮಿತಿ ಲೆಕ್ಕ ಹಾಕುವಾಗ, ತೀರಾ ಕಡಿಮೆ ಬೆಲೆಯ ಮನೆಗಳನ್ನು ಬಿಟ್ಟು, ಈ ದುಡ್ಡನ್ನು ಮನೆಯ ಬೆಲೆಗೆ ಸೇರಿಸುವಂತಿಲ್ಲ. ಮನೆಯ ಪೂರ್ತಿ ಬೆಲೆಗೂ ಸಾಲ ಸಿಗುವುದಿಲ್ಲ. 30 ಲಕ್ಷದವರೆಗಿನ ಸಾಲವಾದರೆ ಬೆಲೆಯ ಶೇ 90, 75 ಲಕ್ಷದವರೆಗೆ ಶೇ 80, ಅದರ ಮೇಲೆ ಶೇ 75 ರಿಸರ್ವ್ ಬ್ಯಾಂಕಿನ ಮಿತಿ. ಉಳಿದದ್ದಕ್ಕೆ ಹೆಂಡತಿಯ ಬಳೆ ಅಡವು ಬೀಳುತ್ತದೆ ಅಥವಾ ಚೀಟಿ ಎತ್ತುತ್ತಾರೆ. ಆ ಬಡ್ಡಿಯೂ ಮನೆಯದೇ ಬಡ್ಡಿ, ಮನೆಸಾಲದ ಪುಸ್ತಕದಲ್ಲಿ ಕಾಣುವುದಿಲ್ಲ ಅಷ್ಟೇ.

ಎರಡನೆಯದು ವಿಮೆ. ಸಾಲಗಾರ ತೀರಿಕೊಂಡರೆ ಸಾಲವೂ ತೀರಲಿ ಎಂದು ಮಾಡಿಸುವ ವಿಮೆ ಒಳ್ಳೆಯ ವಿಚಾರ. ಅದರ ಕಂತನ್ನು ಸಾಲಕ್ಕೇ ಸೇರಿಸಿಬಿಡುವುದರಲ್ಲಿ ತೊಡಕಿದೆ. 60,000 ರೂಪಾಯಿಯ ಪ್ರೀಮಿಯಂ ಸಾಲಕ್ಕೆ ಸೇರಿದರೆ ತಿಂಗಳಿಗೆ 521 ರೂ. ಹೆಚ್ಚುತ್ತದೆ, 20 ವರ್ಷಕ್ಕೆ ಸುಮಾರು 1 ಲಕ್ಷ 25 ಸಾವಿರ. ಸಾಲ ಕೊಟ್ಟವರ ಬಳಿಯೇ ವಿಮೆ ಕೊಳ್ಳಬೇಕೆಂಬ ಕಡ್ಡಾಯ ಇಲ್ಲ. ಬೇರೆ ಟರ್ಮ್ ಪಾಲಿಸಿಯ ಬೆಲೆ ವಿಚಾರಿಸಿ ಹೋಲಿಸಬಹುದು.

ಪ್ರೊಸೆಸಿಂಗ್ ಶುಲ್ಕ ಅರ್ಧ ಶೇಕಡ ಎಂದರೆ 15,000 ರೂ., ಜಿಎಸ್‌ಟಿ ಸೇರಿ 17,700. ವಕೀಲರ ಅಭಿಪ್ರಾಯ, ಎಂಜಿನಿಯರ್ ಮೌಲ್ಯಮಾಪನ, ಹಕ್ಕುಪತ್ರ ಒಪ್ಪಿಸಿದ್ದರ ನೋಂದಣಿ ಇವೆಲ್ಲ ಚಿಲ್ಲರೆ ಖರ್ಚು. ಕೇಳಿಕೊಂಡರೆ ಸಾಕು.

ಸೈಟಿನ ಖಾತೆಯ, ಅಂದರೆ ಆಸ್ತಿ ದಾಖಲೆಯ, ವಿಷಯ ಮಾತ್ರ ಚಿಲ್ಲರೆಯಲ್ಲ. ಊರಂಚಿನ ಕಂದಾಯ ನಿವೇಶನಗಳಿಗೆ ಗ್ರಾಮ ಪಂಚಾಯಿತಿಯ ಇ-ಸ್ವತ್ತಿನ ನಮೂನೆ 9, 11 ಅಥವಾ ಪಟ್ಟಣದ ಇ-ಖಾತೆ ಸರಿಯಿಲ್ಲದಿದ್ದರೆ ದೊಡ್ಡ ಬ್ಯಾಂಕುಗಳು ಸಾಮಾನ್ಯವಾಗಿ ಸಾಲ ಇಲ್ಲ ಎನ್ನುತ್ತವೆ. ಆಗ ಜನ ಹೆಚ್ಚಿನ ಬಡ್ಡಿಯ ಕಂಪನಿಯ ಬಾಗಿಲು ತಟ್ಟುತ್ತಾರೆ. ಇದೇ 30 ಲಕ್ಷ ಶೇ 10.5ಕ್ಕೆ ಸಿಕ್ಕರೆ ಒಟ್ಟು ಕಟ್ಟುವುದು ಸುಮಾರು 71 ಲಕ್ಷ 88 ಸಾವಿರ. ಶೇ 8.5ಕ್ಕೆ ಹೋಲಿಸಿದರೆ 9 ಲಕ್ಷ 40 ಸಾವಿರ ಹೆಚ್ಚು. ಅಗ್ಗಕ್ಕೆ ಸಿಕ್ಕಿತೆಂದು ಕೊಂಡ ಸೈಟಿನ ಬೆಲೆ ಇದನ್ನೂ ಸೇರಿಸಿದರೆ ಎಷ್ಟಾಯಿತು ಎಂದು ನೋಡಬೇಕು.

ಕಾಫಿ ದುಡ್ಡು ಬಂದಾಗ

ಅರೇಬಿಕಾ ಕೊಯ್ಲು ಮುಗಿದು ರೊಬಸ್ಟಾ ಕಣಕ್ಕೆ ಬರುವ ತಿಂಗಳುಗಳಲ್ಲಿ ಹಾಸನ, ಚಿಕ್ಕಮಗಳೂರು ಜಿಲ್ಲೆಗಳಲ್ಲಿ ದುಡ್ಡು ಓಡಾಡುತ್ತದೆ. ಅರಸೀಕೆರೆ ಕಡೆ ಕೊಬ್ಬರಿ, ತರೀಕೆರೆ ಕಡೆ ಅಡಿಕೆ. ನೌಕರರಿಗೆ ಬಾಕಿ ಭತ್ಯೆಯೋ ಬೋನಸ್ಸೋ. ವರ್ಷಕ್ಕೊಮ್ಮೆ ಕೈಗೆ ಬರುವ ಈ ಇಡಿಗಂಟಿನಲ್ಲಿ ಒಂದು ಪಾಲನ್ನು ನೇರ ಅಸಲಿಗೆ ಹಾಕುವುದಕ್ಕೆ ಭಾಗಶಃ ಮುಂಗಡ ಪಾವತಿ ಎನ್ನುತ್ತಾರೆ. ಇದು ಕಂತಿನ ಹಾಗಲ್ಲ. ಬಡ್ಡಿಯ ಪಾಲನ್ನು ಕಂತು ಆಗಲೇ ತೀರಿಸಿರುವುದರಿಂದ ಹಾಕಿದ ದುಡ್ಡು ಪೂರ್ತಿ ನಿಂತ ನೀರನ್ನೇ ಇಳಿಸುತ್ತದೆ.

ಎಷ್ಟು ಬೇಗ ಹಾಕಿದಿರಿ ಎಂಬುದರ ಮೇಲೆ ಎಲ್ಲ ನಿಂತಿದೆ. ಮೊದಲ ವರ್ಷದ ಕೊನೆಗೆ 1 ಲಕ್ಷ ಹಾಕಿದರೆ ಕೊನೆಯ 18 ಕಂತುಗಳು ಉದುರಿಹೋಗುತ್ತವೆ, ಅಂದರೆ ಸುಮಾರು 4 ಲಕ್ಷ 70 ಸಾವಿರ ಕಟ್ಟುವುದು ತಪ್ಪುತ್ತದೆ. ಅದೇ 1 ಲಕ್ಷವನ್ನು 15ನೇ ವರ್ಷದ ಕೊನೆಗೆ ಹಾಕಿದರೆ ತಪ್ಪುವುದು ಆರು ಕಂತಿಗಿಂತ ಸ್ವಲ್ಪ ಕಡಿಮೆ, ಸುಮಾರು 1 ಲಕ್ಷ 50 ಸಾವಿರ. ಒಂದೇ ನೋಟಿನ ಕಟ್ಟು, ಹಾಕಿದ ವರ್ಷ ಬೇರೆ ಅಷ್ಟೇ. ಮೊದಲ ಸಲದ್ದು 19 ವರ್ಷದ ಬಡ್ಡಿಯನ್ನು ತಡೆಯಿತು, ಎರಡನೆಯದು 5 ವರ್ಷದ್ದನ್ನು.

ಪ್ರತಿ ವರ್ಷ 12 ಕಂತಿನ ಜೊತೆ ಒಂದೇ ಒಂದು ಹೆಚ್ಚುವರಿ ಕಂತು, ಅಂದರೆ ಇನ್ನೊಂದು 26,035 ರೂ. ಹಾಕಿಕೊಂಡು ಹೋದರೆ 20 ವರ್ಷದ ಸಾಲ ಸುಮಾರು 16 ವರ್ಷ 9 ತಿಂಗಳಲ್ಲಿ ಮುಗಿದು ಬಡ್ಡಿಯಲ್ಲಿ 6 ಲಕ್ಷದಷ್ಟು ಉಳಿಯುತ್ತದೆ.

ದುಡ್ಡು ಹಾಕುವ ದಿನ ಬ್ಯಾಂಕಿನವರು ಕೇಳುತ್ತಾರೆ, ಕಂತು ಇಳಿಸಲೋ ಅವಧಿ ಇಳಿಸಲೋ ಎಂದು. ಕೇಳದಿದ್ದರೆ ನೀವೇ ಬರೆದುಕೊಡಿ. ಮೊದಲ ವರ್ಷದ ಕೊನೆಗೆ ಹಾಕಿದ ಆ 1 ಲಕ್ಷಕ್ಕೆ ಅವಧಿ ಇಳಿಸಿಕೊಂಡರೆ ತಪ್ಪುವ ಮೊತ್ತ 4 ಲಕ್ಷ 70 ಸಾವಿರ. ಕಂತು ಇಳಿಸಿಕೊಂಡರೆ ತಿಂಗಳಿಗೆ 885 ರೂ. ಕಡಿಮೆಯಾಗಿ ಒಟ್ಟು ತಪ್ಪುವುದು 2 ಲಕ್ಷದಷ್ಟು. ಬದಲಾಗುವ ದರದ ಮನೆಸಾಲ ಪಡೆದ ವ್ಯಕ್ತಿಗಳಿಂದ ಅವಧಿಗೆ ಮುನ್ನ ತೀರಿಸಿದ್ದಕ್ಕೆ ಬ್ಯಾಂಕುಗಳು ದಂಡ ವಸೂಲಿ ಮಾಡಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ.

ಇರುವುದನ್ನೆಲ್ಲ ತಂದು ಸುರಿಯುವುದು ಮಾತ್ರ ಬೇಡ. ಅಸಲಿಗೆ ಹಾಕಿದ ದುಡ್ಡು ಆಸ್ಪತ್ರೆಗೆ ಬೇಕೆಂದಾಗ ವಾಪಸು ಬರುವುದಿಲ್ಲ. ಮುಂದಿನ ವರ್ಷ ಕೊಳೆರೋಗ ಬಂದು ತೋಟ ಕೈಕೊಟ್ಟು ನೂರಕ್ಕೆ ಎರಡು ರೂಪಾಯಿ ಬಡ್ಡಿಗೆ ಓಡುವಂತಾದರೆ 71 ಪೈಸೆ ಉಳಿಸಿದ್ದಕ್ಕೆ ಅರ್ಥವಿರದು.

ಬ್ಯಾಂಕು ಬದಲಾಯಿಸುವಾಗ

‘ನಮ್ಮಲ್ಲಿ ಅರ್ಧ ಪರ್ಸೆಂಟ್ ಕಡಿಮೆ, ಕಂತು ನಾಲ್ಕು ಸಾವಿರ ಇಳಿಸಿಕೊಡುತ್ತೇವೆ’ ಎಂದು ಫೋನು ಬರುತ್ತದೆ. ಮಾತು ಸುಳ್ಳಲ್ಲ. ಐದು ವರ್ಷ ಕಟ್ಟಿದ ಮೇಲೆ ಬಾಕಿ 26.44 ಲಕ್ಷ, ಉಳಿದದ್ದು 15 ವರ್ಷ. ಶೇ 8ಕ್ಕೆ ಅದೇ 15 ವರ್ಷಕ್ಕೆ ವರ್ಗಾಯಿಸಿದರೆ ಕಂತು 770 ರೂ. ಇಳಿದು ಒಟ್ಟು 1 ಲಕ್ಷ 38 ಸಾವಿರದಷ್ಟು ಉಳಿಯುತ್ತದೆ. ವರ್ಗಾವಣೆ ಖರ್ಚು ಅದರಲ್ಲಿ ಕಳೆಯಬೇಕು. ನಾಲ್ಕು ಸಾವಿರ ಇಳಿಯುವುದು ಹೇಗೆ? ಅವಧಿಯನ್ನು ಮತ್ತೆ 20 ವರ್ಷಕ್ಕೆ ಎಳೆದರೆ ಕಂತು 22,114 ರೂ. ಆಗುತ್ತದೆ, ಆದರೆ ಮುಂದೆ ಕಟ್ಟುವುದು 46.86 ಲಕ್ಷದ ಬದಲು 53.07 ಲಕ್ಷ. ಬಡ್ಡಿ ದರ ಇಳಿಯಿತು, ಕಂತು ಇಳಿಯಿತು, ಸಾಲದ ಬೆಲೆ 6 ಲಕ್ಷ ಏರಿತು. ಹೊರಗೆ ಹೋಗುವ ಮುನ್ನ ಇರುವ ಬ್ಯಾಂಕಿನಲ್ಲೇ ಅರ್ಜಿ ಕೊಟ್ಟು, ಸಣ್ಣ ಶುಲ್ಕ ಕಟ್ಟಿ ದರ ಇಳಿಸಿಕೊಳ್ಳಲಾಗುತ್ತದೆಯೇ ಎಂದು ಕೇಳುವುದು ವಾಸಿ.

62 ಲಕ್ಷ ನಿಜಕ್ಕೂ 62 ಲಕ್ಷವೇ?

ಇಷ್ಟು ಹೆದರಿಸಿದ ಮೇಲೆ ಇನ್ನೊಂದು ಮಗ್ಗುಲನ್ನೂ ಹೇಳದಿದ್ದರೆ ಲೆಕ್ಕ ಅರ್ಧವಾಗುತ್ತದೆ. ಇಪ್ಪತ್ತು ವರ್ಷದ ನಂತರದ 26,035 ರೂಪಾಯಿಗೆ ಇವತ್ತಿನ ಬೆಲೆ ಇರುವುದಿಲ್ಲ. ರಿಸರ್ವ್ ಬ್ಯಾಂಕಿನ ಗುರಿಯಂತೆ ಬೆಲೆಯೇರಿಕೆ ವರ್ಷಕ್ಕೆ ಶೇ 4 ಇದ್ದರೆ ಆ ಕೊನೆಯ ಕಂತು ಇವತ್ತಿನ ಲೆಕ್ಕದಲ್ಲಿ 11,880 ರೂಪಾಯಿಯಷ್ಟು. ಸಂಬಳವೂ ಏರಿರುತ್ತದೆ. ಹಾಗಾಗಿ 30 ಲಕ್ಷವನ್ನೂ 62 ಲಕ್ಷವನ್ನೂ ಒಂದೇ ತಕ್ಕಡಿಯಲ್ಲಿ ಇಟ್ಟು ‘ಎರಡರಷ್ಟು ಸುಲಿದರು’ ಎನ್ನುವುದು ಸರಿಯಲ್ಲ. ಕಟ್ಟುವ ಬಾಡಿಗೆ ತಪ್ಪಿತು ಎಂಬುದನ್ನೂ ಆ ಕಡೆ ತಟ್ಟೆಗೆ ಹಾಕಬೇಕು, ಕಂದಾಯ, ಸುಣ್ಣಬಣ್ಣ, ಸೋರುವ ತಾರಸಿಯ ರಿಪೇರಿಯನ್ನು ಈ ಕಡೆ ತಟ್ಟೆಗೆ.

ತೆರಿಗೆ ರಿಯಾಯಿತಿಯ ಬಗ್ಗೆ ಕೇಳುವುದು ಹೆಚ್ಚು, ಸಿಗುವುದು ಕಡಿಮೆ. ಹಳೆಯ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಯನ್ನು ಆದಾಯದಿಂದ ಕಳೆಯಬಹುದು. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಬಡ್ಡಿಯೇ ಎರಡೂವರೆ ಲಕ್ಷ ದಾಟುತ್ತದೆ, ಮೇಲಿನದಕ್ಕೆ ಏನೂ ಸಿಗದು. ಶೇ 20ರ ಹಂತದಲ್ಲಿರುವವರಿಗೆ ಸೆಸ್ ಸೇರಿ ಉಳಿಯುವುದು 41,600 ರೂ. ಹೊಸ ಪದ್ಧತಿ ಆರಿಸಿಕೊಂಡವರಿಗೆ ಸ್ವಂತ ವಾಸದ ಮನೆಯ ಬಡ್ಡಿಗೆ ಈ ರಿಯಾಯಿತಿಯೇ ಇಲ್ಲ. ತೋಟದ ಆದಾಯವೊಂದೇ ಇದ್ದು ಆದಾಯ ತೆರಿಗೆ ಕಟ್ಟದವರಿಗೆ ಈ ಮಾತೇ ಬೇಡ.

ಪತ್ರ ವಾಪಸು ಬರುವವರೆಗೆ

ಕೊನೆಯ ಕಂತು ಕಟ್ಟಿದ ದಿನ ಸಿಹಿ ಹಂಚಿ ಸುಮ್ಮನಾಗುವವರಿದ್ದಾರೆ. ಮನೆಯ ಮೂಲ ಪತ್ರಗಳು ಇನ್ನೂ ಬ್ಯಾಂಕಿನ ಕಪಾಟಿನಲ್ಲಿರುತ್ತವೆ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಅವನ್ನು ಹಿಂತಿರುಗಿಸಬೇಕು, ತಮ್ಮಿಂದಾಗಿ ತಡವಾದರೆ ಸಾಲ ಕೊಟ್ಟವರು ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಇದೆ. ಪತ್ರಗಳ ಜೊತೆ ಬಾಕಿಯಿಲ್ಲ ಎಂಬ ಪತ್ರವನ್ನೂ ಪಡೆಯಿರಿ. ಅಡಮಾನ ನೋಂದಣಿಯಾಗಿದ್ದರೆ ಉಪನೋಂದಣಿ ಕಚೇರಿಯಲ್ಲಿ ಅದರ ಬಿಡುಗಡೆಯನ್ನೂ ನೋಂದಾಯಿಸಬೇಕು. ಆಮೇಲೆ ಒಂದು ಇಸಿ (ಆಸ್ತಿಯ ಋಣಭಾರ ಪತ್ರ) ತೆಗೆಸಿ, ಬ್ಯಾಂಕಿನ ಹೆಸರಿನ ಕೆಳಗೆ ಆ ಬಿಡುಗಡೆಯ ಸಾಲೂ ಬಂದಿದೆಯೇ ಎಂದು ನೋಡಿಕೊಳ್ಳಿ.